ನಾರ್ವೆಗೆ ಹೋದ ಮೀಸೆ

ಮಂಗಳೂರಿನ ಕಾನ್ವೆಂಟಿನಲ್ಲಿ ಓದುವಾಗ ನನ್ನ ಹೈಟೇ ನನ್ನ ಶತ್ರುವಾಗಿತ್ತು. ಸ್ಕೂಲ್ ಡೇ ಹತ್ತಿರ ಬಂತೆಂದರೆ ನಮ್ಮ ಡ್ರಾಮಾ ಸಿಸ್ಟರ್ ಹುಡುಗಿಯರನ್ನೆಲ್ಲ ವೆರಾಂಡದಲ್ಲಿ ಸಾಲಾಗಿ ನಿಲ್ಲಿಸುತ್ತಿದ್ದರು. ಸಾಲಿನ ತುದಿಯಲ್ಲಿ ಎಲ್ಲರಿಗಿಂತ ಮೇಲೆ ಕಾಣುವ ತಲೆ ನನ್ನದು. ಸಿಸ್ಟರ್ ಬೆರಳು ನೇರ ಅಲ್ಲಿಗೇ ಬರುತ್ತಿತ್ತು. "ಯೂ, ಮೈ ಚೈಲ್ಡ್, ಯೂ ವಿಲ್ ಬಿ ದ ಹಸ್ಬೆಂಡ್."

ಹಾಗೆ ನಾನು ರಾಜ ಆದೆ, ಡಾಕ್ಟರ್ ಆದೆ, ಕ್ರಿಸ್ಮಸ್ಸಿಗೆ ಕುರುಬ ಆದೆ, ಒಂದು ವರ್ಷ ಬರೇ ಮರವೂ ಆದೆ. ಮರಕ್ಕೆ ಮಾತ್ರ ಮೀಸೆ ಇರಲಿಲ್ಲ. ಉಳಿದದ್ದಕ್ಕೆಲ್ಲ ಸುಟ್ಟ ಬಿರಡೆಯ ಮಸಿಯಲ್ಲಿ ಸಿಸ್ಟರೇ ಕೈಯಾರೆ ಮೀಸೆ ಬರೆಯುತ್ತಿದ್ದರು. ಬರೆದು, ಒಂದು ಹೆಜ್ಜೆ ಹಿಂದೆ ಸರಿದು, "ಬ್ಯೂಟಿಫುಲ್!" ಅನ್ನುತ್ತಿದ್ದರು. ನನಗೆ ಬ್ಯೂಟಿಫುಲ್ ಅಂತ ಯಾರಾದರೂ ಹೇಳಿದ್ದಿದ್ದರೆ ಅದು ಮೀಸೆ ಇದ್ದಾಗ ಮಾತ್ರ.

ಒಂದೇ ಒಂದು ಸಲ ಸ್ಟೇಜಿನ ಮೇಲೆ ಹೆಂಗಸಾಗಬೇಕು. ಇದು ನನ್ನ ಆಸೆ. ಹೆಂಗಸೇ ಆಗಿರುವವಳಿಗೆ ಇದೆಂಥ ಆಸೆ ಅಂತ ನಗಬೇಡಿ. ದಿನಾ ನೀರು ಕುಡಿಯುವವರಿಗೂ ಒಮ್ಮೆ ಗಾಜಿನ ಗ್ಲಾಸಿನಲ್ಲಿ, ಟ್ರೇಯಲ್ಲಿ ಇಟ್ಟು ಯಾರಾದರೂ ಕೊಡಲಿ ಅನಿಸುವುದಿಲ್ಲವಾ, ಹಾಗೆ.

ಮದುವೆಯಾಗಿ ಕತಾರಿಗೆ ಬಂದ ಮೇಲೂ ಮೀಸೆ ನನ್ನನ್ನು ಬಿಡಲಿಲ್ಲ. ಯಜಮಾನರದು ದುಖಾನ್‌ನಲ್ಲಿ ಆಯಿಲ್ ಕಂಪೆನಿಯ ಕೆಲಸ. ಕಂಪೆನಿ ಕ್ವಾರ್ಟರ್ಸ್, ಆಚೆ ಮರಳು, ಈಚೆ ಸಮುದ್ರ, ದೋಹಾಕ್ಕೆ ಹೋಗುವುದೆಂದರೆ ಒಂದು ದೊಡ್ಡ ಪ್ರಯಾಣ. ಗಂಡಂದಿರು ಶಿಫ್ಟಿಗೆ ಹೋದರೆ ನಾವು ಕರಾವಳಿಯ ಹೆಂಗಸರು ಒಟ್ಟಾಗಿ ನಾಟಕ ಕಲಿಯುವುದು. ನಾವು ತುಳುವಿನವರು, ಬ್ಯಾರಿಯವರು, ಒಂದಿಬ್ಬರು ಕೊಂಕಣಿಯವರು. ನಾಟಕ ಮಾತ್ರ ಕನ್ನಡದಲ್ಲಿ. ಮೊದಲ ವರ್ಷವೇ ಒಂದು ರೂಲ್ ಮಾಡಿಕೊಂಡೆವು: ಹೆಂಗಸರ ನಾಟಕದಲ್ಲಿ ಗಂಡಸು ಸ್ಟೇಜ್ ಹತ್ತಬಾರದು. ಹತ್ತಿದರೆ ನಮ್ಮ ಬ್ಯಾರಿ ಗೆಳತಿಯರ ಮನೆಯಿಂದ ಪರ್ಮಿಶನ್ ಸಿಗಲಿಕ್ಕಿಲ್ಲ, ಅವರಿಲ್ಲದೆ ನಾಟಕಕ್ಕೆ ಉಪ್ಪು ಹುಳಿ ಇಲ್ಲ. ಆ ರೂಲ್ ಇವತ್ತಿಗೂ ಉಂಟು. ಗಂಡಸರು ಕೆಳಗೆ ಕುಳಿತು ಚಪ್ಪಾಳೆ ಹೊಡೆಯಬಹುದು, ಅಷ್ಟೇ.

ರೂಲ್ ಆದ ಕೂಡಲೇ ಎಲ್ಲರ ಕಣ್ಣು ನನ್ನ ಹೈಟಿನ ಮೇಲೆ. ಊರಿಗೆ ಹೋದಾಗ ಯಜಮಾನರು ನಾಟಕದ ಡ್ರೆಸ್ ಬಾಡಿಗೆಗೆ ಕೊಡುವ ಅಂಗಡಿಯಿಂದ ಅಸಲಿ ಕೂದಲಿನ ಮೀಸೆಯೊಂದನ್ನು ಪ್ರೀತಿಯಿಂದ ತಂದುಕೊಟ್ಟರು. ಬೇರೆಯವರ ಗಂಡಂದಿರು ಬಳೆ ತರುತ್ತಿದ್ದರು. ನನ್ನ ಮೀಸೆಯನ್ನು ನಾನು ಬಟರ್ ಕುಕೀಸ್‌ನ ನೀಲಿ ಡಬ್ಬಿಯಲ್ಲಿ ಇಟ್ಟೆ. ಗಲ್ಫಿನ ಪ್ರತಿ ಮನೆಯಲ್ಲೂ ಆ ಡಬ್ಬಿ ಇರುತ್ತದೆ. ಕುಕೀಸ್ ಇರುವುದಿಲ್ಲ.

ಈಗ ನಾವು ದೋಹಾದ ಅಲ್ ಗರಾಫಾದಲ್ಲಿ ಮಗಳ ಮನೆಯಲ್ಲಿದ್ದೇವೆ. ಕಾಂಪೌಂಡಿನೊಳಗೆ ಒಂದೇ ನಮೂನೆಯ ವಿಲ್ಲಾಗಳು, ನಡುವೆ ಒಂದು ಈಜುಕೊಳ. ಯಜಮಾನರು ರಿಟೈರ್ ಆಗಿ ಸೋಫಾ ಸೇರಿದ್ದಾರೆ. ನಮ್ಮ ಸಂಘದ ಲೇಡೀಸ್ ವಿಂಗಿನ ನಾಟಕಗಳನ್ನು ಈಗ ನಾನೇ ಬರೆಯುವುದು. ಪ್ರತಿ ನಾಟಕದಲ್ಲೂ ಒಬ್ಬ ಹೆಂಗಸನ್ನು ನನಗೋಸ್ಕರ ಅಂತಲೇ ಬರೆಯುತ್ತೇನೆ. ಪ್ರತಿ ಸಲ ಪಾರ್ಟ್ ಹಂಚುವಾಗ ಯಾರಾದರೊಬ್ಬಳು, "ಆಂಟೀ, ಮಾವನ ರೋಲ್ ನಿಮಗೇ, ಹೈಟ್ ಬೇಕಲ್ಲ!" ಅನ್ನುತ್ತಾಳೆ. ನಾನು ಥ್ಯಾಂಕ್ಯೂ ಅನ್ನುತ್ತೇನೆ. ಮೀಸೆ ಡಬ್ಬಿಯಿಂದ ಹೊರಬರುತ್ತದೆ.

ನಾರ್ವೆ ಬಂದದ್ದು ಹೋದ ಚಳಿಗಾಲದಲ್ಲಿ.

ಅವತ್ತು ಮಗಳು ಆಫೀಸಿಗೆ ಹೋದದ್ದೇ ತಡ, ನಾನು ಕಿಟಕಿಗಳನ್ನೆಲ್ಲ ಮುಚ್ಚಿ, ಎಕ್ಸಾಸ್ಟ್ ಫ್ಯಾನ್ ಹಾಕಿ, ಒಣಮೀನು ಹುರಿಯುತ್ತಿದ್ದೆ. ಈ ಕಾಂಪೌಂಡಿನಲ್ಲಿ ಎಲ್ಲ ದೇಶದವರೂ ಇದ್ದಾರೆ, ಒಣಮೀನಿನ ವಾಸನೆ ಎಷ್ಟು ದೂರ ನಡೆದುಕೊಂಡು ಹೋಗುತ್ತದೆ ಅಂತ ನಮಗೆ ಗೊತ್ತೇ ಉಂಟು. ಬೆಲ್ ಆಯಿತು. ಖಲಾಸ್, ಕಂಪ್ಲೇಂಟ್ ಬಂತು ಅಂತ ಸೌಟು ಹಿಡಿದುಕೊಂಡೇ ಬಾಗಿಲು ತೆಗೆದೆ. ನನ್ನದೇ ಪ್ರಾಯದ ಬಿಳಿ ಹೆಂಗಸು, ಬೆಳ್ಳಿ ಕೂದಲು, ಕಾಲಲ್ಲಿ ಚಪ್ಪಲಿ ಸಹ ಇಲ್ಲ.

"ಸಾರಿ," ಅಂದೆ ನಾನು ಮೊದಲೇ. "ಐ ಆಮ್ ಸೋ ಸಾರಿ ಅಬೌಟ್ ದ ಸ್ಮೆಲ್."

"ಸಾರಿ ಯಾಕೆ?" ಅಂದಳು ಅವಳು ಇಂಗ್ಲಿಷಿನಲ್ಲಿ. "ಮೂರು ಮನೆ ವಾಸನೆ ನೋಡಿಕೊಂಡು ಬಂದೆ. ಇದು ನಮ್ಮ ಊರಿನ ವಾಸನೆ."

ನಾರ್ವೆಯ ಉತ್ತರದಲ್ಲಿ ಅವಳ ಊರು. ಅಲ್ಲಿ ಮರದ ಚೌಕಟ್ಟುಗಳಿಗೆ ಮೀನನ್ನು ಬಟ್ಟೆಯ ಹಾಗೆ ನೇತುಹಾಕಿ ಒಣಗಿಸುತ್ತಾರಂತೆ. ಪಕ್ಕದ ಸಾಲಿನ ವಿಲ್ಲಾದಲ್ಲಿ ಇಂಜಿನಿಯರ್ ಮಗನ ಮನೆಗೆ ಚಳಿಗಾಲ ಕಳೆಯಲು ಬಂದಿದ್ದಳು. ಅಡುಗೆಮನೆಯ ಸ್ಟೂಲಿನಲ್ಲಿ ಕುಳಿತು ಕುಚ್ಚಲಕ್ಕಿ ಗಂಜಿಗೆ ಒಣಮೀನು ನಂಜಿಕೊಂಡು ಉಂಡಳು. ಕಪಾಟಿನಲ್ಲಿದ್ದ ಕುಕೀಸ್‌ನ ನೀಲಿ ಡಬ್ಬಿಯ ಮೇಲಿನ ಚಿತ್ರ ತೋರಿಸಿ ನಾನು, "ಇದು ನಿಮ್ಮ ಕಡೆಯದ್ದೇ ಅಲ್ಲವಾ?" ಅಂತ ಕೇಳಿದೆ. "ಛೆ, ಅದು ಪಕ್ಕದ ದೇಶದವರದು," ಅಂದಳು, ಥೇಟ್ ನಮ್ಮ ಮಂಗಳೂರಿನವರು ಉಡುಪಿಯವರ ವಿಷಯ ಹೇಳುವ ಹಾಗೆ. ಅಲ್ಲಿಗೆ ನಮ್ಮ ಸ್ನೇಹ ಗಟ್ಟಿಯಾಯಿತು.

ಅವಳ ಹೆಸರು ಯಜಮಾನರ ಬಾಯಲ್ಲಿ ಹೊರಳುತ್ತಿರಲಿಲ್ಲ. "ನಿನ್ನ ನಾರ್ವೆ ಬಂದಿದೆ ನೋಡು," ಅನ್ನುತ್ತಿದ್ದರು. ನನಗೂ ಅದೇ ರೂಢಿಯಾಯಿತು.

ಅವಳು ಸಿನಿಮಾದವಳು ಅಂತ ಗೊತ್ತಾದದ್ದು ಆಮೇಲೆ, ದುಖಾನ್ ದಾರಿಯಲ್ಲಿ. ನಮ್ಮ ಹಳೇ ಊರನ್ನು ತೋರಿಸುತ್ತೇನೆ ಅಂತ ಒಂದು ಶುಕ್ರವಾರ ಹೊರಟಿದ್ದೆವು. ಮಗಳು ಡ್ರೈವಿಂಗ್, ಯಜಮಾನರು ಮುಂದಿನ ಸೀಟಿನಲ್ಲಿ ಗೊರಕೆ, ನಾವಿಬ್ಬರು ಹಿಂದೆ. ಹೊರಗೆ ನೋಡಲು ಏನೂ ಇಲ್ಲದ ದಾರಿ ಅದು. ಮಾತಿಗೆ ಅದಕ್ಕಿಂತ ಒಳ್ಳೆಯ ದಾರಿ ಇಲ್ಲ.

ಹದಿನೇಳನೇ ಪ್ರಾಯದಲ್ಲಿ ಅವಳು ಮೀನಿನ ಫ್ಯಾಕ್ಟರಿಯಲ್ಲಿ ಡಬ್ಬಿಗೆ ಮೀನು ತುಂಬುವ ಕೆಲಸಕ್ಕಿದ್ದಳಂತೆ. ಶೂಟಿಂಗಿಗೆ ಬಂದ ದೊಡ್ಡ ಡೈರೆಕ್ಟರ್ ಒಬ್ಬ ಬಂದರಿನಲ್ಲಿ ಅವಳನ್ನು ಕಂಡು, "ಆ ದೋಣಿ ಹೋಗುವಾಗ ಇಲ್ಲಿ ನಿಂತು ಅಳು," ಅಂದನಂತೆ. ಅವಳಿಗೆ ಅಳು ಬರಲಿಲ್ಲ. ಯಾಕೆ ಬರಬೇಕು, ದೋಣಿಯಲ್ಲಿದ್ದವನ ಪರಿಚಯವೇ ಇರಲಿಲ್ಲ. ಆದರೆ ಅಲ್ಲಿನ ಚಳಿಗಾಳಿ ಕಣ್ಣಿಗೆ ಹೊಡೆದು ನೀರು ತಾನಾಗಿಯೇ ಇಳಿಯಿತು. ಪಿಕ್ಚರ್ ಬಿಡುಗಡೆಯಾದಾಗ ಇಡೀ ದೇಶ, ಆಹಾ ಎಂಥ ಕಣ್ಣೀರು, ಅಂದಿತು.

"ಪ್ರೈಜ್ ಕೊಡಬೇಕಿದ್ದದ್ದು ಗಾಳಿಗೆ," ಅಂದಳು.

ಆಮೇಲೆ ಇಪ್ಪತ್ತು ವರ್ಷ ಅವಳಿಗೆ ಅಳುವುದೇ ಉದ್ಯೋಗ. ರೈಲ್ವೇ ಸ್ಟೇಷನಿನಲ್ಲಿ ಅತ್ತಳು, ಕಿಟಕಿಯ ಬಳಿ ಅತ್ತಳು, ಚರ್ಚಿನ ಮೆಟ್ಟಿಲಲ್ಲಿ ಅತ್ತಳು. "ಡಾರ್ಲಿಂಗ್, ಸ್ವಲ್ಪ ಎಡಕ್ಕೆ ತಿರುಗಿ ಅಳು" ಅನ್ನುವುದು ಬಿಟ್ಟು ಬೇರೆ ಮಾತನ್ನು ಯಾವ ಡೈರೆಕ್ಟರೂ ಹೇಳಲಿಲ್ಲವಂತೆ. ಅಳು ಮುಗಿದ ಮೇಲೆ ಟೈಮ್ ಪಾಸಿಗೆ ಕ್ಯಾಮೆರಾಮನ್ ಹತ್ತಿರ ಹೋಗಿ, ಇದೆಂಥ ಲೆನ್ಸ್, ಆ ಲೈಟು ಅಲ್ಲೇ ಯಾಕೆ, ಅಂತ ಕೇಳುತ್ತಿದ್ದಳು. ಎಡಿಟಿಂಗ್ ರೂಮಿನಲ್ಲಿ ಹೋಗಿ ಕುಳಿತುಕೊಳ್ಳುತ್ತಿದ್ದಳು. ಅಲ್ಲಿ ಅವಳಿಗೆ ಒಂದು ವಿಷಯ ಕಂಡಿತು. ಡೈರೆಕ್ಟರ್ "ಕಟ್" ಅಂದ ಮೇಲೂ ಕ್ಯಾಮೆರಾ ಒಂದು ಗಳಿಗೆ ಓಡುತ್ತಿರುತ್ತದೆ. ಆಗ ಅವಳು ಮೂಗು ಒರೆಸಿಕೊಳ್ಳುತ್ತಾಳೆ, ಪಕ್ಕದವಳಿಗೆ ಏನೋ ಜೋಕ್ ಹೇಳುತ್ತಾಳೆ, ಇಬ್ಬರೂ ನಗುತ್ತಾರೆ.

"ಅದೇ ಬೆಸ್ಟ್ ಆಗಿತ್ತು. ಅದನ್ನೇ ಕತ್ತರಿಸಿ ಬುಟ್ಟಿಗೆ ಹಾಕುತ್ತಿದ್ದರು. ಒಂದು ದಿನ ಅನಿಸಿತು, ಆ ಬುಟ್ಟಿಯಲ್ಲಿ ಇರುವುದರಿಂದಲೇ ನಾನೊಂದು ಪಿಕ್ಚರ್ ಮಾಡಬೇಕು ಅಂತ."

ಮಾಡಿದಳು. ಮೀನಿನ ಫ್ಯಾಕ್ಟರಿಯ ಹೆಂಗಸರ ಊಟದ ಬಿಡುವಿನ ಕಥೆ. ಪ್ರೊಡ್ಯೂಸರ್‌ಗಳು ಓದಿ ನೋಡಿ, "ಎಲ್ಲ ಸರಿ, ಆದರೆ ಅಳುವುದು ಯಾರು?" ಅಂತ ಕೇಳಿದರಂತೆ. ಪೇಪರಿನವರು, ಚಂದದ ನಟಿಗೆ ಹೊಸ ಹಾಬಿ, ಅಂತ ಬರೆದರು. ಎರಡನೇ ಪಿಕ್ಚರ್ ಬಂದಾಗ ಥಿಯೇಟರಿನಲ್ಲಿ ಇದ್ದದ್ದು ಅವಳು, ಅವಳ ಗಂಡ, ಅವಳ ಅತ್ತೆ. ಅತ್ತೆ ಅರ್ಧದಲ್ಲಿ ಎದ್ದುಹೋದಳಂತೆ. ಮೂರನೆಯದು ಚಳಿಗಾಲದ ಸಮುದ್ರದಲ್ಲಿ ಸ್ನಾನ ಮಾಡುವ ಅಜ್ಜಿಯರದು. ಅದು ಓಡಿತು. ದೇಶದೇಶ ಸುತ್ತಿತು. ಆಮೇಲೆ ಜನ ಅವಳನ್ನು ಡೈರೆಕ್ಟರ್ ಅಂತ ಕರೆಯಲು ಶುರುಮಾಡಿದರು, ನಟಿ ಅನ್ನುವುದನ್ನು ಮರೆತರು. ಅವಳಂತೂ ಮತ್ತೆ ಕ್ಯಾಮೆರಾದ ಮುಂದೆ ನಿಲ್ಲಲೇ ಇಲ್ಲ.

"ಈಗಲೂ ಕರೆಯುತ್ತಾರೆ," ಅಂದಳು. "ಈಗ ಅಳುವ ಅಜ್ಜಿ ಬೇಕಂತೆ."

ನಾನು ಆಗ ನನ್ನ ಮೀಸೆಯ ಕಥೆ ಹೇಳಿದೆ. ಸಿಸ್ಟರ್, ಬಿರಡೆ, ಕುರುಬ, ಮರ, ನೀಲಿ ಡಬ್ಬಿ, ಎಲ್ಲ. ಅವಳು ಕಾರು ಅಲ್ಲಾಡುವ ಹಾಗೆ ನಕ್ಕಳು. ಯಜಮಾನರು ಬೆಚ್ಚಿ ಎದ್ದು, "ಎಂತ ಆಯ್ತು, ಟಯರ್ ಪಂಚರಾ?" ಅಂದರು.

"ನೀನು ಯಾವತ್ತೂ ಬಾಯಿಬಿಟ್ಟು ಕೇಳಲಿಲ್ಲವಾ, ಹೆಂಗಸಿನ ಪಾರ್ಟ್ ಕೊಡಿ ಅಂತ?"

"ಕೇಳುವುದೆಂದರೇನು! ನಮ್ಮ ಕಾನ್ವೆಂಟಿನಲ್ಲಿ ಅದು ಬ್ಯಾಡ್ ಮ್ಯಾನರ್ಸ್. ಕೊಟ್ಟದ್ದನ್ನು ಥ್ಯಾಂಕ್ಯೂ ಸಿಸ್ಟರ್ ಅಂತ ತೆಗೆದುಕೊಳ್ಳಬೇಕು."

"ನಾನೂ ಇಪ್ಪತ್ತು ವರ್ಷ ಥ್ಯಾಂಕ್ಯೂ ಅಂದೆ," ಅಂದಳು. "ಆಮೇಲೆ ನೋ ಥ್ಯಾಂಕ್ಯೂ ಅಂದೆ. ನನ್ನ ಕೆರಿಯರ್ ಅಂದರೆ ಅಷ್ಟೇ. ಉಳಿದದ್ದೆಲ್ಲ ಲೈಟಿಂಗ್."

ಪಾರ್ಟ್ ಹಂಚುವ ಮೀಟಿಂಗ್ ನಮ್ಮ ಮನೆಯ ಹಾಲಿನಲ್ಲೇ ಆಯಿತು. ಗೋಳಿಬಜೆ, ಚಟ್ನಿ, ಸುಲೈಮಾನಿ ಚಾ. ನಾಟಕದ ಕಥೆ ಸಿಂಪಲ್. ಇಲ್ಲೇ ದೋಹಾದಲ್ಲಿ ಮಗನ ಮನೆಯಲ್ಲಿರುವ ಗಂಡ ಹೆಂಡತಿ, ಪ್ರಾಯದವರು. ಹೆಂಡತಿ ಯಾರಿಗೂ ಹೇಳದೆ ಕಾರು ಕಲಿಯುತ್ತಾಳೆ. ಕೊನೆಯ ಸೀನಿನಲ್ಲಿ ಲೈಸೆನ್ಸ್ ತೋರಿಸಿ ಗಂಡನಿಗೆ, "ಇನ್ನು ನಾನು ಸ್ಟಿಯರಿಂಗ್, ನೀವು ಪಕ್ಕದ ಸೀಟು," ಅನ್ನುತ್ತಾಳೆ. ಆ ಹೆಂಡತಿ ನಾನೇ. ಅಂದರೆ, ಬರೆಯುವಾಗ ನಾನೇ. ಅವಳು ಚಾ ಸೋಸುವ ರೀತಿಯಿಂದ ಹಿಡಿದು ಕನ್ನಡಕ ಹುಡುಕುವ ರೀತಿಯವರೆಗೆ. ಗಂಡನಿಗೆ ಡಯಲಾಗ್ ಕಡಿಮೆ, ಹೆಚ್ಚಾಗಿ "ಹೂಂ". ಅದನ್ನು ಎಲ್ಲಿಂದ ತೆಗೆದೆ ಅಂತ ಸೋಫಾದ ಕಡೆ ನೋಡಿದರೆ ಗೊತ್ತಾಗುತ್ತಿತ್ತು.

ನಮ್ಮ ಸೆಕ್ರೆಟರಿ ಬ್ಯಾರಿ ಹುಡುಗಿ. ಹುಡುಗಿ ಅಂದರೆ ಅವಳಿಗೂ ಕಾಲೇಜಿಗೆ ಹೋಗುವ ಮಕ್ಕಳಿದ್ದಾರೆ. ಅಲ್ ಅಜೀಜಿಯಾದಿಂದ ಬರುತ್ತಾಳೆ, ಬರುವಾಗಲೇ "ಯಲ್ಲಾ ಯಲ್ಲಾ", ಬೇಗ ಬೇಗ, ಅನ್ನುತ್ತಾ ಬರುತ್ತಾಳೆ. ಪಟಪಟ ಪಾರ್ಟ್ ಹಂಚಿದಳು.

"ಸೊಸೆ ಆಯ್ತು, ಮಗ ಆಯ್ತು, ವಾಚ್‌ಮನ್ ನಾನು. ಹಿಜಾಬ್ ಮೇಲೆ ಟೋಪಿ ಹಾಕಿದರೆ ಖಲಾಸ್. ಅತ್ತೆ..." ಅಂತ ಬ್ಯಾಂಕಿನಲ್ಲಿ ಕೆಲಸ ಮಾಡುವ ಚಂದದ ಹುಡುಗಿಯ ಕಡೆ ನೋಡಿದಳು. "ನೀನು. ತಲೆಗೆ ಬಿಳಿ ಪೌಡರ್ ಹಾಕುವಾ."

"ಅಯ್ಯೋ, ಮುದುಕಿಯ ರೋಲಾ ಅಕ್ಕಾ? ನಾನು ಮೊನ್ನೆಯಷ್ಟೇ ಹೇರ್ ಕಲರ್ ಮಾಡಿಸಿದ್ದು!"

"ಸುಮ್ಮನಿರು ಮಾರಾಯ್ತಿ. ಮಾವ ಅಂತೂ ನಮ್ಮ ಆಂಟಿಯೇ. ಹೈಟ್!"

ಎಲ್ಲರೂ ಚಪ್ಪಾಳೆ ತಟ್ಟಿದರು. ನನ್ನ ಕೈಯಲ್ಲಿ ಗೋಳಿಬಜೆಯ ತಟ್ಟೆ. ಥ್ಯಾಂಕ್ಯೂ ಅನ್ನುವ ಮಾತು ನಾಲಗೆಯ ತುದಿಗೆ ಬಂದಿತ್ತು, ಬಂದೇ ಅಭ್ಯಾಸ ಅದಕ್ಕೆ. ನಾರ್ವೆ ಮೂಲೆಯ ಕುರ್ಚಿಯಲ್ಲಿ ಕುಳಿತು ನನ್ನನ್ನೇ ನೋಡುತ್ತಿದ್ದಳು. ಅವಳಿಗೆ ಒಂದಕ್ಷರ ಕನ್ನಡ ಬಾರದು, ಆದರೆ ಬೆರಳು ಯಾರ ಕಡೆ ಹೋಯಿತು ಅಂತ ಅರ್ಥವಾಗಲು ಕನ್ನಡ ಯಾಕೆ?

"ನೋ," ಅಂದೆ. ಸ್ವರ ಇಷ್ಟೇ ಇಷ್ಟು ಬಂತು. ಆಮೇಲೆ ಕಾನ್ವೆಂಟಿನವಳಲ್ಲವಾ, ಸೇರಿಸಿದೆ, "ಥ್ಯಾಂಕ್ಯೂ."



"ಹುಷಾರಿಲ್ಲವಾ ಆಂಟೀ?" ಅಂದಳು ಸೆಕ್ರೆಟರಿ.

"ಹುಷಾರಾಗಿದ್ದೇನೆ. ನನಗೆ ಅತ್ತೆಯ ಪಾರ್ಟ್ ಬೇಕು. ನಾನೇ ಬರೆದದ್ದು, ನನಗೇ ಬರೆದದ್ದು."

"ಅಲ್ಹಮ್ದುಲಿಲ್ಲಾ, ಮೊದಲೇ ಹೇಳಬಾರದಿತ್ತಾ!" ಅಂತ ಅವಳು ನಕ್ಕುಬಿಟ್ಟಳು. ಬ್ಯಾಂಕಿನವಳು ಎದ್ದು ಬಂದು ನನ್ನನ್ನು ಅಪ್ಪಿಕೊಂಡಳು, ನನ್ನ ಮೇಲಿನ ಪ್ರೀತಿಗಿಂತ ಹೆಚ್ಚು ಅವಳ ಹೇರ್ ಕಲರಿನ ಮೇಲಿನ ಪ್ರೀತಿಗೆ. ಇಷ್ಟು ಸುಲಭವಾ ಅಂತ ನನಗೆ ಆಶ್ಚರ್ಯ. ಅಷ್ಟು ವರ್ಷ ಬಾಗಿಲು ಮುಚ್ಚಿದೆ ಅಂತ ಹೊರಗೆ ನಿಂತಿದ್ದೆ, ಚಿಲಕವೇ ಹಾಕಿರಲಿಲ್ಲ.

ಆದರೆ ಸೆಕ್ರೆಟರಿಯ ನಗು ಬೇಗ ನಿಂತಿತು. "ಮಾವ ಯಾರು ಹಾಗಾದರೆ? ನೀವು ಅತ್ತೆಯಾದರೆ ನಿಮ್ಮ ಎದುರು ನಿಲ್ಲುವ ಗಂಡಸು ಎಲ್ಲಿಂದ ತರುವುದು? ಈ ಬ್ಯಾಂಕಿನವಳು ನಿಂತರೆ ನಿಮ್ಮ ಹೆಗಲಿಗೆ ಬರುತ್ತಾಳೆ. ಮಾವ ಇಲ್ಲದಿದ್ದರೆ ಈ ನಾಟಕ ಬಿಟ್ಟು ಬೇರೆ ಮಾಡಬೇಕಾಗುತ್ತದೆ ಆಂಟೀ."

ಕೈಗೆ ಬಂದದ್ದು ಬಜೆಯ ತಟ್ಟೆಯ ಜೊತೆಗೇ ಜಾರಿತು ಅಂದುಕೊಂಡೆ. ಏನಾಗುತ್ತಿದೆ ಅಂತ ನಾರ್ವೆ ಕೇಳಿದಳು. ಮಗಳು ಇಂಗ್ಲಿಷಿನಲ್ಲಿ ಹೇಳಿದಳು. ನಾರ್ವೆ ಬಾಯಲ್ಲಿದ್ದ ಗೋಳಿಬಜೆಯನ್ನು ನುಂಗಿ, ಎದ್ದು ನಿಂತಳು. ನನಗಿಂತ ಎರಡು ಬೆರಳು ಎತ್ತರ.

"ಡಬ್ಬಿ ತಾ," ಅಂದಳು.

ತಂದುಕೊಟ್ಟೆ. ಗೋಡೆಯ ಕನ್ನಡಿಯ ಮುಂದೆ ನಿಂತು ಮೀಸೆಯನ್ನು ಬೆರಳಲ್ಲಿ ಒತ್ತಿ ಹಿಡಿದುಕೊಂಡಳು. ಎಡಕ್ಕೆ ತಿರುಗಿ ನೋಡಿದಳು, ಬಲಕ್ಕೆ ತಿರುಗಿ ನೋಡಿದಳು. "ಇಷ್ಟು ವರ್ಷ ಎಲ್ಲರೂ ನನ್ನ ಕಣ್ಣೀರು ಕೇಳಿದರು," ಅಂದಳು. "ಮೀಸೆ ಬೇಕಾ ಅಂತ ಯಾರೂ ಕೇಳಲಿಲ್ಲ."

"ಡೈರೆಕ್ಟರ್ ಆಂಟಿಗೆ ಕನ್ನಡ ಬರುವುದಿಲ್ಲವಲ್ಲ!" ಅಂದಳು ಬ್ಯಾಂಕಿನವಳು.

"ಮಾವನಿಗೆ ಎಲ್ಲಿ ಬರುತ್ತದೆ?" ಅಂದಳು ಸೆಕ್ರೆಟರಿ. "ಅವರಿಗೆ ಇರುವುದು ಹೂಂ ಒಂದೇ. ಯಲ್ಲಾ, ಫಿಕ್ಸ್!"

ರಿಹರ್ಸಲ್ ಶುರುವಾದ ಮೇಲೆ ಗೊತ್ತಾಯಿತು, ಪಾರ್ಟ್ ಸಿಗುವುದು ಸುಲಭ, ಹೆಂಗಸಾಗುವುದು ಕಷ್ಟ. ನನ್ನ ಮೈ ತುಂಬ ಗಂಡಸರೇ ತುಂಬಿಕೊಂಡಿದ್ದರು. ಕುಳಿತರೆ ಮಂಡಿಗಳೆರಡೂ ಎರಡು ದಿಕ್ಕಿಗೆ. ಸಿಟ್ಟು ಬಂದರೆ ಕೈ ತೊಡೆಗೆ ಬಡಿಯುತ್ತಿತ್ತು. ಮಾತಂತೂ, ಸಿಸ್ಟರ್ ಕಲಿಸಿದ ಹಾಗೆ ಲಾಸ್ಟ್ ಬೆಂಚಿಗೆ ಕೇಳಬೇಕು ಅಂತ, ಗುಡುಗು.

"ಯಾರ ಹತ್ತಿರ ಮಾತಾಡುತ್ತಿದ್ದೀಯಾ?" ಅಂತ ಕೇಳಿದಳು ನಾರ್ವೆ. ಈಗ ಅವಳೇ ಡೈರೆಕ್ಟರ್, ಅವಳೇ ನನ್ನ ಗಂಡ.

"ಲಾಸ್ಟ್ ಬೆಂಚಿನ ಹತ್ತಿರ."

"ಗಂಡ ಇರುವುದು ಇಲ್ಲಿ. ಇಷ್ಟು ಹತ್ತಿರ. ಮನೆಯಲ್ಲಿ ಹೇಗೆ ಮಾತಾಡುತ್ತೀಯೋ ಹಾಗೆ ಮಾತಾಡು."

"ಮನೆಯಲ್ಲಿ ಹೇಗೆ ಮಾತಾಡುತ್ತೇನೆ ಅಂತ ನನಗೇನು ಗೊತ್ತು?"

ಅದೇ ಸತ್ಯ. ರಾಜ ಹೇಗೆ ನಡೆಯುತ್ತಾನೆ ಅಂತ ಗೊತ್ತಿತ್ತು, ಡಾಕ್ಟರ್ ಹೇಗೆ ಕೆಮ್ಮುತ್ತಾನೆ ಅಂತ ಗೊತ್ತಿತ್ತು. ನಾನು ಹೇಗೆ ಚಾ ಕೊಡುತ್ತೇನೆ ಅಂತ ನೋಡಿದ್ದೇ ಇಲ್ಲ. ಅವಳು ನನ್ನನ್ನು ಅಡುಗೆಮನೆಯಲ್ಲಿ ಬಿಟ್ಟು, "ನಾಟಕ ಬೇಡ, ಬರೇ ಚಾ ಮಾಡು," ಅಂದು ಬಾಗಿಲಲ್ಲಿ ನಿಂತುಕೊಂಡಳು. ನಾನು ಬಾಯಿಗೆ ಬಂದದ್ದು ಹೇಳಿಕೊಂಡು, ಗ್ಯಾಸಿಗೆ ಬೈದುಕೊಂಡು, ಸಕ್ಕರೆ ಡಬ್ಬಿಯ ಮುಚ್ಚಳ ಮೊಣಕೈಯಿಂದ ತೆಗೆದು ಚಾ ಮಾಡಿದೆ. "ಅದು," ಅಂದಳು. "ಆ ಮೊಣಕೈ. ಅದನ್ನು ಬುಟ್ಟಿಗೆ ಹಾಕಬೇಡ."

ಅವಳ ಪಾರ್ಟಿಗೆ ಅವಳು ಬೇರೆಯೇ ಸ್ಕೂಲಿಗೆ ಸೇರಿದ್ದಳು. ಸೋಫಾದ ಎದುರಿನ ಕುರ್ಚಿಯಲ್ಲಿ ಕುಳಿತು ಯಜಮಾನರನ್ನು ನೋಡುವುದು. ಅವರು ಫೋನನ್ನು ತೋಳುದ್ದ ದೂರ ಹಿಡಿದು ಓದುವುದು, ಲುಂಗಿಯ ತುದಿಯನ್ನು ಎರಡು ಬೆರಳಲ್ಲಿ ಎತ್ತಿ ಏಳುವುದು, ಚಾ ಬೇಕಾದಾಗ ಗಂಟಲು ಸರಿಮಾಡಿಕೊಳ್ಳುವುದು. ನಮ್ಮ ಮೊಮ್ಮಗಳು ಅವಳಿಗೆ ಹೂಂ ಟ್ಯೂಷನ್ ಕೊಡುತ್ತಿದ್ದಳು. ಆ ಹುಡುಗಿಗೆ ಕನ್ನಡ ಅಷ್ಟಕ್ಕಷ್ಟೇ, ಆದರೆ ಅಜ್ಜನ ಹೂಂನಲ್ಲಿ ಅವಳು ಪಂಡಿತೆ. "ದಿಸ್ ಒನ್ ಈಸ್ ಯೆಸ್. ದಿಸ್ ಒನ್ ಈಸ್ ನೋ. ದಿಸ್ ಒನ್ ಮೀನ್ಸ್ ಅಜ್ಜ ಕೇಳಿಸಿಕೊಳ್ಳಲೇ ಇಲ್ಲ. ಆಂಡ್ ದಿಸ್ ಲಾಂಗ್ ಒನ್, ಇಟ್ ಮೀನ್ಸ್ ಚಾ."

ಯಜಮಾನರು ನನ್ನನ್ನು ಒಳಗೆ ಕರೆದು ಮೆಲ್ಲ ಕೇಳಿದರು, "ನಿನ್ನ ನಾರ್ವೆ ನನ್ನನ್ನು ಯಾಕೆ ಹಾಗೆ ನೋಡ್ತಾ ಕೂತಿದೆ?"

"ಇಷ್ಟ ಆಗಿರಬೇಕು," ಅಂದೆ.

ಮರುದಿನದಿಂದ ಅವರು ಇಸ್ತ್ರಿ ಮಾಡಿದ ಶರ್ಟು ಹಾಕಿ ಸೋಫಾದಲ್ಲಿ ಕುಳಿತರು. ನಾರ್ವೆಗೆ ಭಾರೀ ಬೇಸರ, ಒರಿಜಿನಲ್ ಹಾಳಾಯಿತು ಅಂತ.

ನಾಟಕದ ದಿನ ಬಾಡಿಗೆಗೆ ಹಿಡಿದ ಸ್ಕೂಲ್ ಆಡಿಟೋರಿಯಂ ಭರ್ತಿ. ಮೊದಲ ಸಾಲಿನಲ್ಲಿ ಯಜಮಾನರು. ಗ್ರೀನ್ ರೂಮಿನಲ್ಲಿ ನಾನು ಮದುವೆಯ ಕಾಲದ ಉಡುಪಿ ಸೀರೆ ಉಟ್ಟು, ಮಲ್ಲಿಗೆ ಮುಡಿದು, ಕನ್ನಡಿಯ ಮುಂದೆ ನಿಂತೆ. ಪಕ್ಕದಲ್ಲಿ ನಾರ್ವೆ, ಲುಂಗಿ, ಬನಿಯನ್, ಕೂದಲೆಲ್ಲ ಒಂದು ಮಫ್ಲರ್ ಒಳಗೆ. ನನ್ನ ಕೈಯಿಂದಲೇ ಅವಳಿಗೆ ಗಮ್ ಹಚ್ಚಿ ಮೀಸೆ ಅಂಟಿಸಿದೆ. ಒಂದು ಹೆಜ್ಜೆ ಹಿಂದೆ ಸರಿದು ನೋಡಿದೆ. ಸಿಸ್ಟರ್ ನೆನಪಾದರು. ಅವರು ಹೋಗಿ ಎಷ್ಟು ಕಾಲವಾಯಿತು! ಅವರ ಬೆರಳಿಗೆ ಬಿರಡೆಯ ಮಸಿಯ ವಾಸನೆ ಇರುತ್ತಿತ್ತು.

"ಬ್ಯೂಟಿಫುಲ್," ಅಂದೆ.

ನಾರ್ವೆ ಮಫ್ಲರನ್ನು ಇನ್ನೊಮ್ಮೆ ಬಿಗಿ ಮಾಡಿಕೊಂಡಳು. "ನಾನು ಸ್ಟೇಜ್ ಹತ್ತಿದವಳೇ ಅಲ್ಲ," ಅಂದಳು. "ಇಲ್ಲಿ ಕಟ್ ಅನ್ನುವವರು ಯಾರೂ ಇಲ್ಲವಲ್ಲ?"

"ಮಾಫಿ, ಯಾರೂ ಇಲ್ಲ," ಅಂದಳು ಸೆಕ್ರೆಟರಿ, ಟೋಪಿ ಸರಿಮಾಡಿಕೊಳ್ಳುತ್ತಾ. "ಕಟ್ ಮಾಫಿ, ರೀಟೇಕ್ ಮಾಫಿ. ಯಲ್ಲಾ!"

ಪರದೆ ಎದ್ದಿತು. ನಾರ್ವೆ ಸೋಫಾದಲ್ಲಿ ಫೋನನ್ನು ತೋಳುದ್ದ ದೂರ ಹಿಡಿದು ಕುಳಿತಿದ್ದಳು. ಮೊದಲ ಉದ್ದದ ಹೂಂ ಬಿದ್ದದ್ದೇ, ಆಡಿಟೋರಿಯಮಿನಲ್ಲಿದ್ದ ಅಷ್ಟೂ ಹೆಂಗಸರು ಅದರ ಅರ್ಥ ತಿಳಿದು ಕೂಗಿದರು, "ಚಾ ಕೊಡಿ ಅವರಿಗೆ!" ನಾನು ಚಾ ತಂದೆ. ಮೊಣಕೈಯಿಂದ ಸಕ್ಕರೆ ಡಬ್ಬಿ ತೆಗೆದೆ. ಲಾಸ್ಟ್ ಬೆಂಚು ಅಂತ ಒಂದಿದೆ ಅನ್ನುವುದೇ ಮರೆತುಹೋಯಿತು. ಸೀರೆಯ ನೆರಿಗೆ ನನ್ನ ಜೊತೆಗೇ ನಡೆಯುತ್ತಿತ್ತು, ಮಲ್ಲಿಗೆಯ ವಾಸನೆ ನನ್ನ ಹಿಂದೆಯೇ ಬರುತ್ತಿತ್ತು. ಎಷ್ಟು ಹಗುರ ಅಂತೀರಿ, ಮೀಸೆ ಇಲ್ಲದ ಮುಖ!

ಕೊನೆಯ ಸೀನ್ ಬಂತು. ನಾನು ಲೈಸೆನ್ಸ್ ಎತ್ತಿ ಹಿಡಿದು, ಗಂಡನ ಎದುರು ನಿಂತು, ಜಂಬದಿಂದ ಒಂದು ಉಸಿರು ತೆಗೆದುಕೊಳ್ಳಬೇಕು, ಆಮೇಲೆ ಡಯಲಾಗ್. ನಿಂತೆ. ಉಸಿರು ತೆಗೆದುಕೊಂಡೆ. ಜಂಬ ಬಂತು. ಜಂಬ ಬಂದರೆ ಏನು ಮಾಡಬೇಕು ಅಂತ ನನ್ನ ಕೈಗೆ ಸಣ್ಣಂದಿನಿಂದ ಅಭ್ಯಾಸ. ಸೀರೆ ಉಟ್ಟು, ಮಲ್ಲಿಗೆ ಮುಡಿದು, ತುಂಬಿದ ಸಭೆಯ ಎದುರು ನಾನು ಇಲ್ಲದ ಮೀಸೆಯನ್ನು ತಿರುವಿದೆ.

ತಿರುವಿದ ಮೇಲೆ ಗೊತ್ತಾಯಿತು. ಕೈ ಅಲ್ಲೇ ನಿಂತಿತು. ಮುಗಿಯಿತು, ಒಂದು ಸಲ ಹೆಂಗಸಾಗಲು ಹೋಗಿ ಅದನ್ನೂ ಗಂಡಸಾಗಿಯೇ ಮುಗಿಸಿದೆ, ಅನಿಸಿ ಕಣ್ಣಿಗೆ ಕತ್ತಲೆ ಬಂತು.

ನಾರ್ವೆ ನನ್ನ ಕೈಯನ್ನೇ ನೋಡಿದಳು. ಬುಟ್ಟಿಗೆ ಬೀಳುವುದನ್ನು ಹಿಡಿಯುವುದೇ ಅವಳ ಜೀವಮಾನದ ಕೆಲಸವಲ್ಲವಾ? ಅವಸರವೇ ಇಲ್ಲದೆ ಫೋನನ್ನು ಕೆಳಗಿಟ್ಟಳು. ಮುಖದಲ್ಲಿ ಗಾಬರಿ ಸ್ವಲ್ಪಸ್ವಲ್ಪವೇ ಏರಿತು. ಮೆಲ್ಲಗೆ ಒಂದು ಬೆರಳೆತ್ತಿ, ತನ್ನ ಮೀಸೆ ತನ್ನ ಮುಖದಲ್ಲೇ ಉಂಟಾ ಅಂತ ಮುಟ್ಟಿ ನೋಡಿಕೊಂಡಳು.

ಸಭೆ ಬಿದ್ದುಬಿದ್ದು ನಕ್ಕಿತು. ನಗು ಇಳಿಯುತ್ತಿದೆ ಅನ್ನುವಾಗ ಅವಳು ಮೀಸೆಯ ಇನ್ನೊಂದು ತುದಿಯನ್ನೂ ಮುಟ್ಟಿ ನೋಡಿಕೊಂಡಳು. ಮತ್ತೆ ಎದ್ದಿತು ನಗು. ಹಿಂದಿನ ಸಾಲಿನಲ್ಲಿ ಯಾರೋ ಸಿಳ್ಳೆ ಹಾಕಿದರು. ನನ್ನ ಕಣ್ಣಿನ ಕತ್ತಲೆ ಎಲ್ಲಿಗೋ ಹೋಯಿತು. ನಾನು ಅವಳ ಕಡೆ ಬಾಗಿ, ಮೆಲ್ಲಗೆ, ಮನೆಯಲ್ಲಿ ಹೇಳುವ ಹಾಗೆಯೇ ಹೇಳಿದೆ: "ಕೇಳಿತಾ? ಇನ್ನು ನಾನು ಸ್ಟಿಯರಿಂಗ್, ನೀವು ಪಕ್ಕದ ಸೀಟು."

"ಹೂಂ," ಅಂದಳು ನಾರ್ವೆ. ಅದು ನಮ್ಮ ಯಜಮಾನರ ಹತ್ತಿರ ಇಲ್ಲದ ಹೂಂ. ಎಲ್ಲಿಂದ ತಂದಳೋ. ಸೋತದ್ದೂ ಇತ್ತು, ಪ್ರೀತಿಯೂ ಇತ್ತು.

ನಾಟಕ ಮುಗಿದು ಕೆಳಗಿಳಿದ ಮೇಲೆ ಯಜಮಾನರು ಬಂದರು. "ಆ ಮುದುಕ ಫಸ್ಟ್ ಕ್ಲಾಸ್," ಅಂದರು. "ಅಂಥವನನ್ನು ಎಲ್ಲೋ ನೋಡಿದ ಹಾಗೆ ಉಂಟು ನನಗೆ. ದುಖಾನ್‌ನಲ್ಲಿ ಇದ್ದವನಾ?"

"ನಾನು?" ಅಂತ ಕೇಳಿದೆ.

"ನಿನ್ನದೆಂಥ ಆಕ್ಟಿಂಗ್? ಮನೆಯಲ್ಲಿ ಇರುವ ಹಾಗೇ ಇದ್ದೆಯಲ್ಲ."

ನನಗೆ ಸಿಟ್ಟು ಬರುವುದರಲ್ಲಿತ್ತು. ಮಗಳು ಅದನ್ನು ಇಂಗ್ಲಿಷ್ ಮಾಡಿ ಹೇಳಿದಾಗ ನಾರ್ವೆ ಯಜಮಾನರ ಎರಡೂ ಕೈ ಹಿಡಿದು ಕುಲುಕಿದಳು. "ಒಂದು ದಿನ ಯಾರಾದರೂ ನನಗೆ ಹೀಗೆ ಹೇಳಲಿ ಅಂತ ನಾನು ಪಿಕ್ಚರ್ ಮಾಡುತ್ತಾ ಬಂದೆ," ಅಂದಳು. ಯಜಮಾನರಿಗೆ ಏನೂ ಅರ್ಥವಾಗಲಿಲ್ಲ. ಆದರೂ ನಾಚಿಕೊಂಡರು.

ಮನೆಗೆ ಹಿಂತಿರುಗುವಾಗ ಅವಳು ಮೀಸೆ ತೆಗೆಯಲೇ ಇಲ್ಲ. ಸಿಗ್ನಲಿನಲ್ಲಿ ಪಕ್ಕದ ಕಾರಿನವನು ನೋಡಿದ್ದೇ ನೋಡಿದ್ದು. ಅವಳು ಗಂಭೀರವಾಗಿ ತಲೆಬಾಗಿಸಿ ಅವನಿಗೆ ನಮಸ್ಕಾರ ಮಾಡಿದಳು.

ಬಿಸಿಲು ಜೋರಾಗುವ ಮೊದಲು ಅವಳು ಊರಿಗೆ ಹೊರಟಳು. ನಾನು ಒಂದು ಪ್ಯಾಕೆಟ್ ಒಣಮೀನು ಕೊಟ್ಟೆ, ಅದರ ಜೊತೆ ನೀಲಿ ಡಬ್ಬಿ. ಮೊನ್ನೆ ವೀಡಿಯೋ ಕಾಲಿನಲ್ಲಿ ಬಂದಳು. ಹಿಂದೆ ಕಿಟಕಿ, ಹೊರಗೆಲ್ಲ ಹಿಮ, ಮುಖದಲ್ಲಿ ನನ್ನ ಮೀಸೆ. ಹೊಸ ಪಿಕ್ಚರ್ ಶುರುಮಾಡಿದ್ದಾಳಂತೆ. ಅಷ್ಟು ವರ್ಷಗಳ ಮೇಲೆ ಅವಳೇ ಕ್ಯಾಮೆರಾದ ಮುಂದೆ ನಿಲ್ಲುತ್ತಾಳಂತೆ. ದೋಣಿಯಲ್ಲಿ ಹೊರಡುವ ಮುದುಕನಾಗಿ. ಬಂದರಿನಲ್ಲಿ ನಿಂತು ಅಳುವುದು ಯಾರು ಅಂತ ಕೇಳಿದೆ.

"ಯಾರೂ ಇಲ್ಲ," ಅಂದಳು. "ಗಾಳಿ ಉಂಟಲ್ಲ, ಸಾಕು."

ಈ ವರ್ಷದ ಪಾರ್ಟ್ ಹಂಚಲು ಹೋದ ವಾರ ಎಲ್ಲರೂ ಬಂದಿದ್ದರು. ಸೆಕ್ರೆಟರಿ ಚಾ ಕುಡಿಯುತ್ತಾ ನನ್ನ ಹೈಟನ್ನು ಒಮ್ಮೆ ಕೆಳಗಿನಿಂದ ಮೇಲೆ ನೋಡಿದಳು. "ಆಂಟೀ, ಈ ಸಲ ಒಬ್ಬ ಪೊಲೀಸ್ ಇನ್ಸ್‌ಪೆಕ್ಟರ್ ಇದ್ದಾನಲ್ಲ..."

"ಮೀಸೆ ಇಲ್ಲ ಮಾರಾಯ್ತಿ," ಅಂದೆ. "ಅದು ನಾರ್ವೆಯಲ್ಲಿ ಡ್ಯೂಟಿಯಲ್ಲಿದೆ. ಇನ್ಸ್‌ಪೆಕ್ಟರಿಗೆ ಒಬ್ಬಳು ತಾಯಿ ಇದ್ದಾಳೆ, ಓದಿದ್ದೀಯಾ? ಮೂರನೇ ಸೀನಿನಲ್ಲಿ ಎಲ್ಲ ಮಾತು ಅವಳದ್ದೇ."